ಕೈ ಮಾತ್ರ

"ಕೈ ಚಾಚೇ, ಮುಂಡೇದೆ!"

ಸಾಲಾಗಿ ನಿಂತ ಹನ್ನೆರಡು ಹೆಂಗಸರಲ್ಲಿ ನಾನು ಒಂಬತ್ತನೆಯವಳು. ನೂಲಿಗೆ ಬಣ್ಣ ಹಾಕುವ ಆ ಕಾರ್ಖಾನೆಯ ಧಣಿ ಮೊಬೈಲಿನಲ್ಲಿ ಓಡುತ್ತಿದ್ದ ಚಿತ್ರವನ್ನೂ ನಮ್ಮ ಕೈಗಳನ್ನೂ ತಾಳೆ ನೋಡುತ್ತ ಬರುತ್ತಿದ್ದ. ಚಿತ್ರದಲ್ಲಿ ಮುಖವಿರಲಿಲ್ಲ, ದನಿಯನ್ನು ಗಂಡಸಿನದಂತೆ ದಪ್ಪ ಮಾಡಿದ್ದರು. ಮಾತು ಮಾತ್ರ ನನ್ನದೇ: ಕುದಿಯುವ ತೊಟ್ಟಿಗೆ ಬಿದ್ದು ಸತ್ತ ನನ್ನ ತಂಗಿ ಇಲ್ಲೇ ಆರು ವರ್ಷ ದುಡಿದಿದ್ದಳು.

"ಮೊಣಕೈವರೆಗೂ ನೀಲಿ. ಕಿರುಬೆರಳಿಗೆ ಉಗುರಿಲ್ಲ. ಸಿಕ್ಕಿದ್ಲು ನೋಡ್ರೋ, ಕಳ್ಳಿ!"

"ಮುಖ ತೋರ್ಸಲ್ಲಕ್ಕಾ, ಕೈ ಮಾತ್ರ" ಎಂದಿದ್ದ, ನಮ್ಮ ಕೆಲಸದ ಮೇಲೆ ಸಿನಿಮಾ ಮಾಡಲು ಬಂದಿದ್ದ ಕ್ಯಾಮೆರಾದವನು. ಇಲ್ಲಿ ಕೈ ನೋಡಿದರೆ ಸಾಕು, ಯಾರು ಯಾವ ತೊಟ್ಟಿಯವರೆಂದು ಗೊತ್ತಾಗುತ್ತದೆ. ಅದು ಅವನಿಗೆ ತಿಳಿಯದು, ಹೋಗಲಿ. ಹದಿನೈದು ವರ್ಷ ಬಣ್ಣದಲ್ಲಿ ಕೈ ಅದ್ದಿದ ನನಗೇನು ಮಂಕು ಕವಿದಿತ್ತು? ಆಸ್ಪತ್ರೆಯವರೂ ಮುಟ್ಟಲು ಹೇಸುವ ಕೈಯನ್ನು ಅವನು ಹತ್ತಿರದಿಂದ ನೋಡಿ, ಚೆನ್ನಾಗಿದೆ ಎಂದಿದ್ದ. ನಾನು ಉಬ್ಬಿಹೋಗಿ ಚಾಚಿದ್ದೆ.

ಧಣಿ ಒಂದು ಕಾಗದ ಮುಂದೆ ಹಿಡಿದ. "ಸೈನ್ ಹಾಕು. ನಿನ್ ತಂಗಿ ಇಲ್ಲಿ ಕೆಲ್ಸಕ್ಕೇ ಇರ್ಲಿಲ್ಲ. ನಿಂಗೆ ಊಟ ಕೊಡೋಕ್ ಬಂದು ಜಾರಿ ಬಿದ್ಲು."

"ಆರು ವರ್ಷ ದಿನಾ ಊಟ ಕೊಡೋಕ್ ಬಂದ್ಲಾ?"

"ಬಾಯಿ ಬಿಟ್ರೆ ಹಲ್ಲು ಉದುರ್ಸಿಬಿಡ್ತೀನಿ, ಬೋಸುಡಿ! ಆಚೆಗ್ ದಬ್ರೋ ಇವಳನ್ನ."

ದಬ್ಬಿದರು. ಉಳಿದ ಹನ್ನೊಂದು ಜನ ತಲೆ ಎತ್ತಲಿಲ್ಲ.

ಗೇಟಿನಾಚೆ ಕ್ಯಾಮೆರಾದವನು ಮೂರುಕಾಲಿನ ಸ್ಟ್ಯಾಂಡ್ ಊರಿ ನಿಂತಿದ್ದ. ಮೂರು ತಿಂಗಳು ನನ್ನ ಮನೆಯಲ್ಲಿ ಉಂಡವನು.

"ಧಣಿಗೆ ಯಾರು ತೋರಿಸಿದ್ದು?"

"ನಾನೇ ಅಕ್ಕಾ. ಅವರ ಮಾತೂ ಬೇಕಲ್ವಾ, ಇಲ್ದಿದ್ರೆ ಸಿನಿಮಾ ಒಂದ್ ಕಡೆಗೇ ವಾಲುತ್ತೆ. ಆಮೇಲೆ... ನಿಮ್ ತಂಗಿ ವಿಷ್ಯ ತೆಗೀಬೇಕಾಯ್ತು. ಅದನ್ನ ನೋಡಿ ಕೇಸ್ ಹಾಕ್ತೀನಿ ಅಂದ್ರು."

ತಂಗಿಯ ವಿಷಯ ಹೇಳಲೆಂದೇ ನಾನು ಬಾಯಿ ತೆರೆದಿದ್ದೆ. ಅದನ್ನೇ ತೆಗೆದಿದ್ದ.

"ಅಕ್ಕಾ, ಬೇಜಾರ್ ಮಾಡ್ಕೋಬೇಡಿ. ನಿಮ್ಮನ್ನ ದಬ್ಬಿದ್ದು ಸರಿಯಾಗಿ ಸಿಗ್ಲಿಲ್ಲ. ಇನ್ನೊಂದ್ಸಲ ಗೇಟಿಂದ ನಡ್ಕೊಂಡ್ ಬರ್ತೀರಾ?"

ನಾನು ಹೋಗಿ ಕ್ಯಾಮೆರಾವನ್ನು ಸ್ಟ್ಯಾಂಡಿನ ಸಮೇತ ಅವನ ಕಡೆಗೆ ತಿರುಗಿಸಿದೆ. ಮೂಲೆಯ ಕೆಂಪು ದೀಪ ಉರಿಯುತ್ತಿತ್ತು. ಹಾಗೆಂದರೆ ಓಡುತ್ತಿದೆ ಎಂದು ಅವನೇ ಹೇಳಿಕೊಟ್ಟಿದ್ದ.

"ಈಗ ನೀನು ಹೇಳೋ. ನನ್ ತಂಗಿ ಇಲ್ಲಿ ಆರು ವರ್ಷ ದುಡಿದ್ಲು ಅಂತ ಹೇಳು. ಮುಖ ತೋರ್ಸಿ ಹೇಳು."

ಅವನು ಗೇಟಿನ ಕಡೆ ನೋಡಿದ. ಅಲ್ಲಿ ಧಣಿ ನಿಂತಿದ್ದ.

"ಅಕ್ಕಾ, ಪ್ಲೀಸ್. ಆಫ್ ಮಾಡಿ."

ಆಫ್ ಮಾಡುವುದು ಹೇಗೆಂದು ನನಗೆ ಗೊತ್ತಿರಲಿಲ್ಲ. ಗೊತ್ತಿದ್ದರೂ ಮಾಡುತ್ತಿರಲಿಲ್ಲ.