ಹಗ್ಗದ ಇನ್ನೊಂದು ತುದಿ

ಶೆಫಿಕಾಳ ಕಿಟಕಿಯ ಕೆಳಗೆ ವಾರಕ್ಕೆ ನಾಲ್ಕೈದು ಸಲವಾದರೂ ಅವಳ ಗಂಡನ ಹೆಸರು ಕೇಳಿಬರುತ್ತಿತ್ತು. ಹೇಳುವವನು ಊರು ತೋರಿಸುವ ಹುಡುಗ, ಕೇಳುವವರು ದೂರದೇಶದವರು. ಸಾರಾಯೆವೊ ಪಟ್ಟಣದ ಮುತ್ತಿಗೆಯ ಕಾಲವನ್ನು ಕಾಲ್ನಡಿಗೆಯಲ್ಲಿ ತೋರಿಸುತ್ತ ಅವನು ಅವರನ್ನು ಬಿಸ್ತ್ರಿಕ್ ಓಣಿಯ ಏರು ಹತ್ತಿಸಿಕೊಂಡು ಬಂದು, ಅವಳ ಮನೆಯೆದುರಿನ ಹಿಪ್ಪುನೇರಳೆ ಮರದಡಿ ನಿಲ್ಲಿಸುತ್ತಿದ್ದ. ಇಂಗ್ಲಿಷಿನಲ್ಲಿ ಏನೇನೋ ಹೇಳುತ್ತಿದ್ದ. ಆ ಮಾತಿನ ಹೊಳೆಯಲ್ಲಿ ಅವಳ ಕಾಲಿಗೆ ಸಿಗುತ್ತಿದ್ದದ್ದು ಒಂದೇ ಕಲ್ಲು: ನಜಿಫ್. ಹೆಸರು ಬಂದ ತುಸು ಹೊತ್ತಿಗೇ ಗುಂಪು ನಗುತ್ತಿತ್ತು. ಆಮೇಲೆ ಸದ್ದಡಗುತ್ತಿತ್ತು. ಕೊನೆಗೆ ಯಾರಾದರೂ ಒಬ್ಬಳು ಮೂಗೊರೆಸಿಕೊಂಡು ಮರದ ಫೋಟೋ ತೆಗೆದುಕೊಳ್ಳುತ್ತಿದ್ದಳು.

ಅಳುವುದಾದರೆ ಅಳಲಿ, ನಗುವುದೇಕೆ? ಅದೇ ಅವಳ ಎದೆಯಲ್ಲಿ ಮುಳ್ಳಾಗಿ ಕೂತಿತ್ತು.

ನಜಿಫ್ ನಾಲ್ಕು ಜನ ನಗುವಂಥ ಕೆಲಸ ಮಾಡಿದವನಲ್ಲ. ರಜಾಯಿ ಹೊಲಿಯುವ ಕಸುಬಿನವನು. ಅರ್ಧ ಆಯುಷ್ಯ ತುಟಿಯಲ್ಲಿ ಸೂಜಿ ಕಚ್ಚಿಕೊಂಡೇ ಕಳೆದದ್ದರಿಂದ ಮಾತೂ ಕಡಿಮೆ. ಮಕ್ಕಳಾಗಿರಲಿಲ್ಲ. ಮುತ್ತಿಗೆಯ ಎರಡನೆಯ ಚಳಿಗಾಲದಲ್ಲಿ ಅದೇ ಮರದ ಬುಡದಲ್ಲಿ, ಬೆಟ್ಟದ ಮೇಲಿಂದ ಶತ್ರು ಹಾರಿಸಿದ ಗುಂಡು ತಗುಲಿ ಹೋದ. ಅವನನ್ನು ಬಲ್ಲವರು ಒಬ್ಬೊಬ್ಬರಾಗಿ ಕಣ್ಣು ಮುಚ್ಚಿದ್ದರು. ಉಳಿದವಳು ಎದುರುಮನೆಯ ಹಾತಾ; ಅವಳಿಗೆ ಕಿವಿ ಮಂದ, ನಾಲಿಗೆ ಮಾತ್ರ ಚುರುಕು. ಹೀಗಾಗಿ ನಜಿಫ್ ಎಂಬ ಹೆಸರನ್ನು ಹಗಲು ಹೊತ್ತಿನಲ್ಲಿ ಗಟ್ಟಿಯಾಗಿ ಹೇಳುವವನು ಈ ಭೂಮಿಯ ಮೇಲೆ ಹೆಚ್ಚುಕಡಿಮೆ ಆ ಹುಡುಗನೊಬ್ಬನೇ. ಅವನ ಮೇಲೆ ಸಿಟ್ಟಾಗುವುದಕ್ಕೂ ಅವಳಿಗೆ ಧೈರ್ಯ ಸಾಲದು.

ಕಿಟಕಿ ತೆರೆದು ಕೇಳಿಯೇ ಬಿಡಬಹುದಿತ್ತು. ಆದರೆ ಸತ್ತವನ ಹೆಂಡತಿಯ ಮುಖ ನೋಡಿಕೊಂಡು ಇದ್ದದ್ದನ್ನು ಇದ್ದ ಹಾಗೆ ಹೇಳುವವರು ಯಾರು? ಸಕ್ಕರೆ ಬೆರೆಸಿಯೇ ಕೊಡುತ್ತಾರೆ. ಪರರಿಗೆ ಬಡಿಸಿದ್ದೇ ತನ್ನೆಲೆಗೂ ಬೀಳಬೇಕೆಂದರೆ ಹೊರಗಿನವಳಾಗಿಯೇ ಪಂಕ್ತಿಯಲ್ಲಿ ಕೂರಬೇಕು. ಬೇಸಗೆಯೆಲ್ಲ ಇದನ್ನೇ ಯೋಚಿಸಿ, ಎಲೆ ಉದುರುವ ಕಾಲಕ್ಕೆ ಒಂದು ಬೆಳಿಗ್ಗೆ ಶೆಫಿಕಾ ಸಾವಿನ ಮನೆಗಳಿಗೆಂದು ಇಟ್ಟಿದ್ದ ಕಪ್ಪು ಕೋಟು ತೊಟ್ಟು ಪೇಟೆಗೆ ಇಳಿದಳು.

ಊರು ತೋರಿಸುವವರ ಅಂಗಡಿಯಂಥ ಕಚೇರಿಯಲ್ಲಿ ಮೇಜಿನ ಹಿಂದೆ ಒಬ್ಬ ಹುಡುಗಿ ಕೂತಿದ್ದಳು.

"ಯಾವ ಭಾಷೇಲಿ ಬೇಕಮ್ಮ? ಇಂಗ್ಲಿಷು, ಜರ್ಮನ್ನು, ಇಟಾಲಿಯನ್ನು, ಎಲ್ಲಾ ಇದೆ."

"ನಮ್ಮ ಭಾಷೇಲಿ."

ಹುಡುಗಿ ನಕ್ಕುಬಿಟ್ಟಳು. "ಅದನ್ನ ಮಾತ್ರ ಯಾರೂ ಕೇಳಿರ್ಲಿಲ್ಲ! ನಮ್ಮೋರಿಗೆ ಗೈಡ್ ಯಾಕೆ? ರಸ್ತೇಲಿ ಯಾರನ್ನ ನಿಲ್ಲಿಸಿದ್ರೂ ಸಂಜೆ ತನಕ ಯುದ್ಧದ ಕಥೆ ಹೇಳ್ತಾರೆ. ನಿಲ್ಲಿಸೋದೇ ಕಷ್ಟ."

"ನಾನಿಲ್ಲಿ ಇರ್ಲಿಲ್ಲ ತಾಯಿ. ಯುದ್ಧಕ್ಕೆ ಮುಂಚೇನೇ ಸ್ವೀಡನ್ನಿಗೆ ಹೋಗ್ಬಿಟ್ಟೆ." ಸುಳ್ಳು ಬೆಣ್ಣೆಯ ಹಾಗೆ ಜಾರಿಕೊಂಡು ಬಂತು. ಶೆಫಿಕಾಳಿಗೇ ಆಶ್ಚರ್ಯ. "ಬಿಸ್ತ್ರಿಕ್ ಕಡೆ ಕರ್ಕೊಂಡು ಹೋಗ್ತಾನಲ್ಲ ಉದ್ದಕ್ಕಿರೋ ಹುಡುಗ, ಅವನೇ ಆಗ್ಬೇಕು. ಗುಂಪು ಬೇಡ. ನನಗೊಬ್ಬಳಿಗೇ."

ಹುಡುಗನ ಹೆಸರು ವೆದಾದ್. ಹತ್ತಿರದಿಂದ ನೋಡಿದರೆ ಮುಖದಲ್ಲಿ ಎರಡು ದಿನದ ಗಡ್ಡ, ಕಣ್ಣಲ್ಲಿ ನಿದ್ದೆ. ಯುದ್ಧ ನಡೆಯುವಾಗ ತೊಟ್ಟಿಲಲ್ಲಿದ್ದವನು. ನಡೆಯುತ್ತ ನಡೆಯುತ್ತ, ರಸ್ತೆಯಲ್ಲಿ ಷೆಲ್ ಬಿದ್ದು ಆದ ಗುಳಿಗಳಿಗೆ ಕೆಂಪು ರಾಳ ತುಂಬಿದ್ದನ್ನು ತೋರಿಸಿದ. ಶೆಫಿಕಾ ಮೊದಲ ಸಲ ಕಂಡವಳಂತೆ ತಲೆಯಾಡಿಸಿದಳು. ಉದ್ಯಾನದ ಬೆಂಚುಗಳೆಲ್ಲ ಒಲೆಗೆ ಹೋದ ಕಥೆ ಹೇಳಿದ. ಅಯ್ಯೋ ಎಂದಳು.

"ಆಗ ನೆರವು ಅಂತ ಡಬ್ಬಿ ಮಾಂಸ ಬರ್ತಿತ್ತು ದೊಡ್ಡಮ್ಮ. ಬೆಕ್ಕಿಗೆ ಹಾಕಿದ್ರೆ, ಬೆಕ್ಕು ಮೂಸಿ ನೋಡಿ, ಅದರ ಮೇಲೆ ಮಣ್ಣು ಕೆದರಿ ಮುಚ್ಚಿ ಹೋಗ್ತಿತ್ತಂತೆ."

"ನಮ್ಮನೇ ಬೆ..." ಎಂದವಳು ಕೆಮ್ಮಿ ನುಂಗಿಕೊಂಡಳು. "ಹೌದಾ? ಪಾಪ, ಮೂಕಪ್ರಾಣಿ."

ಇಷ್ಟೊಂದು ಹೊತ್ತು ಯಾರ ಜೊತೆಗಾದರೂ ಹೆಜ್ಜೆ ಕೂಡಿಸಿ ನಡೆದು ಎಷ್ಟು ಕಾಲವಾಗಿತ್ತೋ. ದಾರಿ ಇನ್ನಷ್ಟು ಉದ್ದವಿದ್ದರೂ ಆಗುತ್ತಿತ್ತು ಅನ್ನಿಸಿತು ಅವಳಿಗೆ.

ಮಿಲ್ಯಾಟ್ಸ್ಕಾ ನದಿಯ ಸೇತುವೆ ಬಂತು. ವೆದಾದ್ ಹಿಂದೆ ತಿರುಗಿ ಏನೋ ಹೇಳುತ್ತ ಮುಂದೆ ನಡೆದ. ಶೆಫಿಕಾ ಮೂಲೆಮನೆಯ ಗೋಡೆಗೆ ಬೆನ್ನು ತಾಗಿಸಿ ನಿಂತಳು. ತಲೆ ಓರೆ ಮಾಡಿ ಬೆಟ್ಟದ ಕಡೆಗೆ ಕಿವಿಕೊಟ್ಟಳು. ಆಮೇಲೆ ಕೋಟಿನ ಅಂಚು ಎತ್ತಿ ಹಿಡಿದು, ಬೆನ್ನು ಬಗ್ಗಿಸಿ, ಅರ್ಧ ಓಟದಲ್ಲಿ ಸೇತುವೆ ದಾಟಿ ಆಚೆಯ ಗೋಡೆಯ ನೆರಳಿಗೆ ಸೇರಿಕೊಂಡಳು. ಸೇರಿದ ಮೇಲೆಯೇ ಉಸಿರು ಬಿಟ್ಟಳು.

ವೆದಾದ್ ಸೇತುವೆಯ ನಟ್ಟನಡುವೆ ನಿಂತು ನೋಡುತ್ತಿದ್ದ. ನಿಧಾನವಾಗಿ ಬಂದ.

"ಸ್ವೀಡನ್ನಲ್ಲಿ ಸೇತುವೆ ಹಿಂಗೆ ದಾಟ್ತಾರಾ ದೊಡ್ಡಮ್ಮ?"

ಅವಳು ಎತ್ತಿ ಹಿಡಿದಿದ್ದ ಕೋಟಿನ ಅಂಚನ್ನು ಕೆಳಗೆ ಬಿಟ್ಟಳು.

"ನಮ್ಮಮ್ಮನೂ ಹಿಂಗೇ. ಬ್ರೆಡ್ ತರೋಕೆ ಹೋದ್ರೂ ಇಲ್ಲಿ ಬಂದು ನಿಲ್ತಾಳೆ, ಕಿವಿ ಕೊಡ್ತಾಳೆ, ಆಮೇಲೆ ಓಟ. ಯುದ್ಧ ಮುಗೀತು ಅಂತ ತಲೆಗೆ ಹೇಳಿದ್ದಾರೆ, ಕಾಲಿಗೆ ಯಾರೂ ಹೇಳಿಲ್ಲ. ಊರು ಬಿಟ್ಟು ಹೋಗಿದ್ದೋರು ಸೇತುವೆ ಮೇಲೆ ನಿಂತು ಫೋಟೋ ತೆಗೀತಾರೆ, ಓಡೋದಿಲ್ಲ."

"ಹೂಂ ಕಣಪ್ಪ. ಇಲ್ಲೇ ಇದ್ದೆ."

"ಮತ್ತೆ ನನ್ನ ಯಾಕೆ ಕರೆಸ್ಕೊಂಡ್ರಿ? ನಾನು ಹೇಳಿದ್ದಕ್ಕೆಲ್ಲ ಹೌದಾ ಹೌದಾ ಅಂತಿದ್ರಲ್ಲ! ಮೀನಿಗೆ ಈಜು ಕಲಿಸ್ದಂಗಾಯ್ತು."

"ನಾನು ಕಂಡಿದ್ದು ನನಗೆ ಗೊತ್ತು ಮಗಾ. ಹೊರಗಿನೋರಿಗೆ ಏನು ಹೇಳ್ತಾರೆ ಅಂತ ಕೇಳ್ಬೇಕಿತ್ತು. ಅವರಿಗೆ ಹೇಳೋದನ್ನೇ ಹೇಳು. ಬಿಡಬೇಡ, ಸೇರಿಸಬೇಡ."

ಅಲ್ಲಿಂದ ಮುಂದೆ ಅವನ ಮಾತು ಕುಂಟತೊಡಗಿತು. ಪರೀಕ್ಷೆಗೆ ನಿಂತ ಹುಡುಗನ ಹಾಗೆ ಪ್ರತಿ ವಾಕ್ಯಕ್ಕೂ ಅವಳ ಮುಖ ನೋಡುತ್ತಿದ್ದ. ಜನ ನೀರಿಗೆ ಸಾಲು ನಿಲ್ಲುತ್ತಿದ್ದ ಬಿಯರ್ ಕಾರ್ಖಾನೆಯ ಕೆಂಪು ಗೋಡೆಯನ್ನು ಎರಡೇ ಮಾತಿನಲ್ಲಿ ಮುಗಿಸಿದ. ಏರು ಹತ್ತಿದರು. ತಿರುವು ದಾಟಿದರೆ ಅವಳ ಮನೆ.

"ಇಲ್ಲೊಂದು ಮರದ ಕಥೆ ಇದೆ. ಬಿಡಿ, ಅದು ಹೊರಗಿನೋರಿಗೆ ಸರಿ. ನೀವು ನನ್ನ ನೋಡಿ ನಗ್ತೀರಿ."

"ನಿಲ್ಲು," ಎಂದಳು ಶೆಫಿಕಾ. "ಅದನ್ನೇ ಹೇಳು."

ಅವನು ಮರದ ಕಾಂಡಕ್ಕೆ ಕೈಯಿಟ್ಟು ಹೇಳಿದ.

"ಊರಲ್ಲಿದ್ದ ಮರಗಳೆಲ್ಲ ಸೌದೆಯಾದ ಕಾಲ. ಇದೊಂದು ಉಳೀತು. ಯಾಕಂದ್ರೆ ಇಲ್ಲಿ ನಜಿಫ್ ಅಂತ ಒಬ್ಬನಿದ್ದ. ಕೊಡಲಿ ತೊಡೆ ಮೇಲಿಟ್ಕೊಂಡು ಹಗಲು ರಾತ್ರಿ ಇಲ್ಲೇ ಕೂತಿರ್ತಿದ್ದ. ಯಾರಾದ್ರೂ ಗರಗಸ ತಂದ್ರೆ, ಮೊದಲು ನನ್ನ ಕಾಲು ಕುಯ್ಯಿ, ಅದೂ ಒಣಗಿದೆ, ಚೆನ್ನಾಗಿ ಉರಿಯುತ್ತೆ ಅಂತಿದ್ದ." ವೆದಾದ್ ಅವಳ ಮುಖ ನೋಡಿದ. "ಇಲ್ಲಿ ಅವರು ನಗ್ತಾರೆ."

"ಹೂಂ. ಮುಂದೆ."

"ಅವನ ಹೆಂಡತಿ ಮುತ್ತಿಗೆ ಶುರುವಾದಾಗ ಕೊನೇ ಬಸ್ಸು ಹತ್ತಿ ಹೋಗಿದ್ಳು. ಅವಳು ವಾಪಸ್ ಬಂದಾಗ ಮರ ಇಲ್ದಿದ್ರೆ ಮನೆ ಗುರುತು ಹೆಂಗೆ ಹಿಡೀತಾಳೆ? ಅದಕ್ಕೇ ಕಾಯ್ತಿದ್ದ. ಕಾಯ್ತಾ ಕಾಯ್ತಾನೇ ಗುಂಡು ಬಿತ್ತು. ಅವಳು ವಾಪಸ್ ಬರಲೇ ಇಲ್ಲ. ಇಲ್ಲಿ... ಇಲ್ಲಿ ಸುಮ್ಮನಾಗ್ತಾರೆ."

ನಕ್ಕದ್ದು ಕೊಡಲಿಗೆ. ನಜಿಫನನ್ನು ಯಾರೂ ಹಗುರ ಮಾಡಿರಲಿಲ್ಲ. ಮುಳ್ಳು ಹೊರಬಂತು, ಅದೇ ತೂತಿನಲ್ಲಿ ಯಾರೋ ಮೊಳೆ ಹೊಡೆದಂತಾಯಿತು. ಇಷ್ಟು ವರ್ಷ ಅವಳು ಪರದೆಯ ಹಿಂದೆ ಕೂತು ಕೇಳಿದ್ದು, ತಾನು ಇಲ್ಲ ಎಂಬ ಕಥೆಯನ್ನು.

"ಹೆಂಡತಿ ಹೋದ್ಳು ಅಂತ ಯಾರು ಹೇಳಿದ್ರು ನಿನಗೆ?"

ವೆದಾದ್ ಗಡ್ಡ ಕೆರೆದುಕೊಂಡ. "ನಜಿಫ್ ಅನ್ನೋನು ಈ ಮರದಡೀಲಿ ಸತ್ತ, ಮರ ಉಳೀತು. ನನಗೆ ಸಿಕ್ಕಿದ್ದು ಅಷ್ಟೇ. ನಡುವಿಂದು ನಾನೇ ತುಂಬಿಸ್ದೆ. ಹೆಂಡತಿ ಇದ್ದಾಳೆ ಅಂದ್ರೆ, ಎಲ್ಲಿ, ತೋರಿಸು ಅಂತಾರೆ. ಹೋದ್ಳು ಅಂದ್ರೆ ಯಾರೂ ಪ್ರಶ್ನೆ ಕೇಳಲ್ಲ. ಏರು ಮುಗಿಯೋವರ್ಗೂ ತೆಪ್ಪಗೆ ಹತ್ತುತ್ತಾರೆ."

ಶೆಫಿಕಾ ಬಾಯಿ ತೆರೆಯುವಷ್ಟರಲ್ಲಿ ಎದುರುಮನೆಯ ಬಾಗಿಲು ಧಡಾರನೆ ತೆರೆದುಕೊಂಡಿತು. ಹಾತಾ, ಕೈಯಲ್ಲಿ ಪೊರಕೆ.

"ಲೇ ಶೆಫಿಕಾ! ಸಾವಿನ ಕೋಟು ಹಾಕ್ಕೊಂಡು ಎಲ್ಲೋಗಿದ್ಯೇ ಬೆಳಬೆಳಗ್ಗೆ? ಯಾರು ಹೋದ್ರು? ನನಗೊಂದು ಮಾತು ಹೇಳ್ಬಾರ್ದಾ?"

"ಯಾರೂ ಹೋಗಿಲ್ಲ ಹಾತಾ."

"ಆಂ? ಯಾರು ಈ ಗಂಡು? ಗಂಡನ ಮರದ ಕೆಳಗೇ ನಿಂತ್ಕೊಂಡು ಎಳೇ ಹುಡುಗರ ಜೊತೆ ಸರಸಾನಾ? ನಜಿಫ್ ಮೇಲಿಂದ ನೋಡ್ತಿರ್ತಾನೆ ಕಣೇ, ಸೂಜಿ ಎಸೀತಾನೆ!" ತನ್ನ ಮಾತಿಗೆ ತಾನೇ ಬಿದ್ದು ಬಿದ್ದು ನಕ್ಕು ಹಾತಾ ಕಸ ಗುಡಿಸತೊಡಗಿದಳು.

ವೆದಾದ್ ಮರದ ಮೇಲಿದ್ದ ಕೈಯನ್ನು ಬಿಸಿ ತಾಗಿದವನಂತೆ ಹಿಂದಕ್ಕೆಳೆದುಕೊಂಡ.

"ದೊಡ್ಡಮ್ಮ... ನಾನು..."

"ಒಳಗೆ ಬಾ," ಎಂದಳು ಅವಳು. ಹೊಸ್ತಿಲ ತನಕ ಬಂದವನನ್ನು ಕಾಫಿ ಕೊಡದೆ ಕಳಿಸುವುದು ಆ ಓಣಿಯಲ್ಲಿ ಶತ್ರುವಿಗೂ ಮಾಡಬಾರದ ಅವಮಾನ. ಬೇಡ ಎನ್ನುವುದು ಅದಕ್ಕಿಂತ ದೊಡ್ಡ ಅವಮಾನ. ಹುಡುಗ ಶೂ ಬಿಚ್ಚಿಟ್ಟು ತಲೆ ತಗ್ಗಿಸಿ ಒಳಗೆ ಬಂದ.

ತಾಮ್ರದ ಪಾತ್ರೆಯಲ್ಲಿ ಕಾಫಿ ಉಕ್ಕಿಸಿ, ಸಕ್ಕರೆಯ ತುಂಡು ಮುಂದಿಟ್ಟು, ಅವನು ಒಂದು ಗುಟುಕು ಕುಡಿಯುವ ತನಕ ಶೆಫಿಕಾ ಕಾದಳು. ಆಮೇಲೆ ಕಿಟಕಿಯ ಚೌಕಟ್ಟಿನಲ್ಲಿ ಹುದುಗಿದ್ದ ಕಬ್ಬಿಣದ ಕೊಂಡಿಯನ್ನು ತೋರಿಸಿದಳು.

"ನಮ್ಮನೇಲಿ ಕೊಡಲೀನೇ ಇರ್ಲಿಲ್ಲ. ತ್ರೆಬೆವಿಚ್ ಬೆಟ್ಟದ ಮೇಲೆ ಬಂದೂಕು ಹಿಡಿದು ಕೂತಿದ್ದೋನಿಗೆ ನಮ್ಮೋಣಿ ಅಂಗೈ ಥರ ಕಾಣ್ತಿತ್ತು. ನೀರಿಗೆ ಹೋದೋರು ಬೀಳ್ತಿದ್ರು. ನಜಿಫ್ ಮನೇಲಿದ್ದ ರಜಾಯಿ ಬಟ್ಟೆಯೆಲ್ಲ ಜೋಡಿಸಿ ಒಂದು ಪರದೆ ಹೊಲಿದ. ನಾನೂ ಹೊಲಿದೆ. ಹಗ್ಗದ ಒಂದು ತುದಿ ಆ ಮರಕ್ಕೆ, ಇನ್ನೊಂದು ಈ ಕೊಂಡಿಗೆ. ಬೆಟ್ಟದೋನಿಗೆ ಬರೀ ಬಟ್ಟೆ ಕಾಣ್ಬೇಕು, ಜನ ಕಾಣ್ಬಾರ್ದು. ಪರದೆ ಕಟ್ಟಿದ ಮರನ ಯಾರು ಕಡೀತಾರೆ? ಅದಕ್ಕೇ ಉಳೀತು."

ವೆದಾದ್ ಬಟ್ಟಲು ಕೆಳಗಿಟ್ಟ.

"ಗಾಳಿ ಬಂದು ಹಗ್ಗ ಜೋಲು ಬಿತ್ತು ಒಂದಿನ. ಅವನು ಕೆಳಗೆ ಹೋಗಿ ಮರದ ಗಂಟು ಬಿಗಿದ. ನಾನು ಈ ಕೊಂಡಿಯ ಗಂಟು ಬಿಚ್ಚಿ ಹಗ್ಗ ಇಲ್ಲಿಂದ ಎಳೀತಿದ್ದೆ. ಬಿಗಿ ಆಯ್ತಾ ಅಂತ ಕೂಗ್ದೆ. ಉತ್ತರ ಬರ್ಲಿಲ್ಲ." ಅವಳು ಟೇಬಲ್ಲಿನ ಮೇಲಿದ್ದ ಸಕ್ಕರೆ ಪುಡಿಯನ್ನು ಬೆರಳಲ್ಲಿ ಒಟ್ಟು ಮಾಡಿದಳು. "ಹಾತಾನ ಗಂಡ, ಇನ್ನಿಬ್ಬರು ಅವನನ್ನ ಎತ್ತೋಕೆ ಓಡಿ ಬಂದ್ರು. ನಾನು ಕೈ ಬಿಟ್ರೆ ಪರದೆ ಬೀಳುತ್ತೆ, ಅವರೂ ಬೀಳ್ತಾರೆ. ಗಾಳಿ ಬೇರೆ ಎಳೀತಿತ್ತು, ಒಂದು ಕೈ ಬಿಟ್ಟು ಗಂಟು ಹಾಕೋಕೂ ಆಗ್ಲಿಲ್ಲ. ಅವನನ್ನ ಹೊತ್ಕೊಂಡು ಹೋಗೋ ತನಕ ಹಿಡ್ಕೊಂಡೇ ನಿಂತಿದ್ದೆ. ಹೆಂಡತಿ ಎಲ್ಲಿಗೂ ಹೋಗಿರ್ಲಿಲ್ಲ ಮಗಾ. ಕೆಳಗೂ ಇಳಿಯೋಕಾಗ್ಲಿಲ್ಲ."

ಹೊರಗೆ ಓಣಿಯಲ್ಲಿ ಹಾತಾಳ ಪೊರಕೆ ಇನ್ನೂ ಆಡುತ್ತಿತ್ತು.

"ಇನ್ಮೇಲೆ ಹಿಂಗೇ ಹೇಳ್ತೀನಿ," ಎಂದ ವೆದಾದ್. "ನೀವೇ ಕೆಳಗೆ ಬಂದು ನಿಂತ್ರೆ... ನೀವು ಹೇಳಿ, ನಾನು ಅವರ ಭಾಷೇಲಿ..."

"ಬೇಡಪ್ಪ. ಬಂದೋರೆಲ್ಲ ನನ್ನ ಪಕ್ಕ ನಿಂತು ಫೋಟೋ ತೆಗೆಸ್ಕೊಳ್ಳೋಕೆ ನಾನೇನು ಸರ್ಕಸ್ ಕರಡೀನಾ? ಹಗ್ಗದ ಇನ್ನೊಂದು ತುದಿ ಹೆಂಡತಿ ಹಿಡ್ಕೊಂಡಿದ್ಳು ಅಂತ ಹೇಳು. ಅವಳ ಹೆಸರು ಹೇಳು. ಈ ಕಿಟಕಿ ಕಡೆ ಕೈ ತೋರಿಸಬೇಡ, ಕಣ್ಣೂ ಎತ್ತಬೇಡ. ಆಣೆ ಮಾಡು."

"ಆಣೆ, ದೊಡ್ಡಮ್ಮ."

ಅವನು ಏರಿನಿಂದ ಇಳಿದು ಹೋಗುವುದನ್ನು ನೋಡುತ್ತ ನಿಂತು, ಆಮೇಲೆ ಬಟ್ಟಲುಗಳನ್ನು ತೊಳೆದಿಟ್ಟಳು. ಅವನದನ್ನು ತುಸು ಹೆಚ್ಚು ಹೊತ್ತು ತೊಳೆದಳು.

ಮುಂದಿನ ಗುಂಪು ಬರುವ ಹೊತ್ತಿಗೆ ಒಂದೆರಡು ದಿನ ಮಳೆ ಹಿಡಿದು ಬಿಟ್ಟಿತ್ತು. ಶೆಫಿಕಾ ಕುರ್ಚಿಯನ್ನು ಪರದೆಯ ಹತ್ತಿರಕ್ಕೆ ಎಳೆದುಕೊಂಡಳು. ವೆದಾದನ ದನಿ ಮೊದಲಿಗಿಂತ ತಗ್ಗಿತ್ತು. ನಜಿಫ್ ಎಂದ. ಯಾರೂ ನಗಲಿಲ್ಲ. ಅವಳಿಗೆ ತಿಳಿಯದ ಮಾತುಗಳು ಬಹಳ ಹೊತ್ತು ಹರಿದವು. ಆಮೇಲೆ, ಸ್ಪಷ್ಟವಾಗಿ, ಶೆಫಿಕಾ ಎಂದ. ಪೊರಕೆ ಹಿಡಿದ ಹಾತಾಳ ಬೈಗುಳದ ಜೊತೆಗಲ್ಲದೆ ತನ್ನ ಹೆಸರನ್ನು ಬೇರೊಂದು ಬಾಯಿಂದ ಕೇಳಿ ಅವಳಿಗೆ ವರ್ಷಗಳೇ ಆಗಿದ್ದವು. ನಜಿಫನ ಪಕ್ಕದಲ್ಲಿಯೇ ಬಂತು ಅದು, ಅದೇ ಉಸಿರಿನಲ್ಲಿ.

ಕೆಳಗೆ ಒಬ್ಬ ಹೆಂಗಸು ಏನೋ ಕೇಳಿದಳು. ಆ ಪ್ರಶ್ನೆ ತಿಳಿಯಲು ಶೆಫಿಕಾಳಿಗೆ ಇಂಗ್ಲಿಷು ಬೇಕಿರಲಿಲ್ಲ: ಅವಳು ಇದ್ದಾಳಾ? ಎಲ್ಲಿ?

ತನಗೇ ಗೊತ್ತಿಲ್ಲದೆ ಶೆಫಿಕಾ ಎದ್ದು ನಿಂತಿದ್ದಳು. ಬೆರಳು ಪರದೆಯ ಅಂಚು ಹಿಡಿದಿತ್ತು. ತೋರಿಸಲಿ, ಒಂದು ಸಲ ತೋರಿಸಿಬಿಡಲಿ.

ವೆದಾದ್ ಒಂದೆರಡು ಮಾತಿನ ಉತ್ತರ ಕೊಟ್ಟ. ಕೈ ಎತ್ತಲಿಲ್ಲ. ಕಣ್ಣೂ ಎತ್ತಲಿಲ್ಲ, ಕಿಟಕಿಗೆ ಬೆನ್ನು ಹಾಕಿ, ಬನ್ನಿ ಎಂಬಂತೆ ಏರಿನ ಕಡೆಗೆ ನಡೆದ. ಹೆಜ್ಜೆಗಳು ಅವನ ಹಿಂದೆ ಸಾಲುಗಟ್ಟಿದವು.

ಶೆಫಿಕಾ ಪರದೆ ಸರಿಸಿ ಕಿಟಕಿಯ ಚಿಲಕ ತೆಗೆಯುವಷ್ಟರಲ್ಲಿ ಓಣಿಯಲ್ಲಿ ಬರೀ ಬೆನ್ನುಗಳಿದ್ದವು. ಕೊನೆಯ ಬೆನ್ನೂ ತಿರುವಿನಲ್ಲಿ ಮರೆಯಾಗುವ ತನಕ ಅವಳು ಅಲ್ಲಿಯೇ ನಿಂತಿದ್ದಳು, ಅರ್ಧ ಎತ್ತಿದ ಕೈಯನ್ನು ಇಳಿಸುವುದು ಮರೆತು.