ಜೋಡಿ ಸಂಖ್ಯೆ

"ಮೊದಲು ನಿನ್ನ ಪಾಠ ಹೇಳು. ಆಮೇಲೆ ತೆಗೆಯೋಣ," ಎಂದಳು ಅಕ್ಕ, ಮೇಜಿನ ಮೇಲಿದ್ದ ರಟ್ಟಿನ ಪೆಟ್ಟಿಗೆಯನ್ನು ಮೊಣಕೈಯಿಂದ ಅತ್ತ ಸರಿಸುತ್ತ.

ಬೆಳಿಗ್ಗೆ ಗಣಿ ಕಚೇರಿಯವರು ಕಳಿಸಿದ ಪೆಟ್ಟಿಗೆ. ಸುರಂಗ ಕುಸಿದು ಹತ್ತೊಂಬತ್ತು ದಿನವಾಗಿತ್ತು, ಒಳಗಿದ್ದ ಭಾವ ಸಿಕ್ಕಿರಲಿಲ್ಲ. ಅಂಟಿಸಿದ ಚೀಟಿಯಲ್ಲಿ ಎರಡೇ ಸಾಲು: ಒಳಗೊಂದು ಬೂಟು ಇದೆ. ನಿಮ್ಮವರದೇ ಅಲ್ಲವೇ ಎಂದು ನೋಡಿ ನಾಳೆಯೊಳಗೆ ತಿಳಿಸದಿದ್ದರೆ ಸುರಂಗದಲ್ಲಿ ಅದು ಸಿಕ್ಕ ತುದಿಯ ಹುಡುಕಾಟ ನಿಲ್ಲುತ್ತದೆ.

ಗುರುತು ಹಿಡಿಯುವುದು ತಂಗಿಗೆ ಕಷ್ಟವಿರಲಿಲ್ಲ. ಬೂಟಿನ ಕಾರ್ಖಾನೆಯಲ್ಲಿ ಜೋಡಿ ಹೊಂದಿಸುವುದೇ ಅವಳ ಕೆಲಸ: ಚರ್ಮದ ಬಣ್ಣ, ಹೊಲಿಗೆ ನೋಡಿ, ಲೇಸಿನ ಕೆಳಗಿನ ನಾಲಗೆಯ ಒಳಬದಿಗೆ ಎರಡರಲ್ಲೂ ಒಂದೇ ಸಂಖ್ಯೆ ಬರೆಯಬೇಕು. ಭಾವನ ಜೋಡಿಗೂ ಅವಳೇ ಬರೆದಿದ್ದಳು. 4417.

ಭೌತಶಾಸ್ತ್ರದಲ್ಲಿ ಬರುವ, ಜೋಡಿಯಾಗಿ ಹೆಣೆದುಕೊಂಡ ಸೂಕ್ಷ್ಮ ಕಣಗಳ ವಿಷಯವನ್ನು ಮನೆಯಲ್ಲೊಬ್ಬರಿಗೆ ತಿಳಿಯುವಂತೆ ಹೇಳಿ ಬನ್ನಿ ಎಂದು ಸಂಜೆ ತರಗತಿಯ ಮೇಷ್ಟ್ರು ಹೇಳಿದ್ದರು.

"ಒಂದು ಜೋಡಿ ಬೂಟು ಅಂದ್ಕೋ," ಎಂದ ತಂಗಿ ನಾಲಗೆ ಕಚ್ಚಿಕೊಂಡಳು.

"ಬೂಟೇ ಇರ್ಲಿ, ಹೇಳು."

"ನೋಡದೇನೇ ಒಂದನ್ನ ಇಲ್ಲಿ ಪೆಟ್ಟಿಗೇಲಿಟ್ಟು, ಇನ್ನೊಂದನ್ನ ಭೂಮಿಯ ಆ ತುದಿಗೆ ಕಳಿಸಿದ್ರು. ಇಲ್ಲಿ ತೆಗೆದ್ರೆ ಎಡಗಾಲಿಂದು. ಅಲ್ಲಿರೋದು?"

"ಬಲಗಾಲಿಂದು. ಅಂಗೈ ಹುಣ್ಣಿಗೆ ಕನ್ನಡಿ ಬೇಕಾ? ಇಷ್ಟಕ್ಕೇನಾ ನೀನು ವಾರಕ್ಕೆ ಮೂರು ದಿನ ಬಸ್ಸಲ್ಲಿ ನಿಂತ್ಕೊಂಡು ಹೋಗೋದು?"

ಇಷ್ಟು ದಿನಗಳಲ್ಲಿ ಅಕ್ಕ ಚುಚ್ಚಿ ಮಾತಾಡಿದ್ದು ಇದೇ ಮೊದಲು. ತಂಗಿಗೆ ಹುರುಪು ಬಂತು.

"ಕಣಗಳು ಹಾಗಲ್ಲಕ್ಕ. ನೋಡೋ ತನಕ ಎಡಾನೂ ಅಲ್ಲ, ಬಲಾನೂ ಅಲ್ಲ. ನಮಗೆ ಗೊತ್ತಿಲ್ಲ ಅಂತಲ್ಲ, ಇನ್ನೂ ತೀರ್ಮಾನಾನೇ ಆಗಿರಲ್ಲ. ಇಲ್ಲಿ ನೋಡಿದ್ರೆ ಇದೂ ಆಯ್ತು, ಅಲ್ಲಿಂದೂ ಆಯ್ತು."

ಅಕ್ಕ ಪೆಟ್ಟಿಗೆಯ ಕಡೆ ನೋಡಿದಳು.

"ನಾವು ನೋಡ್ಲೇ ಇಲ್ಲ ಅಂದ್ರೆ, ಅಲ್ಲಿ ಇನ್ನೂ ಏನೂ ಆಗಿಲ್ಲ," ಎಂದಳು. ಎದ್ದು ಪೆಟ್ಟಿಗೆಯನ್ನು ಕಪಾಟಿನ ಮೇಲೆ, ಹೊದಿಕೆಗಳ ಹಿಂದೆ ತಳ್ಳಿದಳು. ಊಟಕ್ಕೆ ಮೂರು ತಟ್ಟೆ ತೆಗೆದಳು.

ತಂಗಿ ಎಲ್ಲಿ ತಪ್ಪಿದೆನೆಂದು ಟಿಪ್ಪಣಿ ಪುಸ್ತಕ ತಿರುವಿದಳು. ತಪ್ಪಿರಲಿಲ್ಲ. ಮೇಷ್ಟ್ರು ಹೇಳಿದ್ದನ್ನೇ ಹೇಳಿದ್ದಳು.

"ಅಕ್ಕ, ಬೂಟು ಕಣ ಅಲ್ಲ. ಹೊಲಿದಾಗ್ಲೇ ಅದರ ಕಾಲು ಯಾವುದು ಅಂತ ಆಗಿರುತ್ತೆ. ನಾವು ನೋಡಿದ್ರೂ ಅಷ್ಟೇ, ಬಿಟ್ರೂ ಅಷ್ಟೇ."

"ಅರ್ಧಂಬರ್ಧ ಕಲಿತವಳು. ನಿಂಗೇನೇ ಗೊತ್ತು?"

"ಆ ಕಣದ ವಿಷಯ ಸರಿಯಾಗಿ ಗೊತ್ತಿಲ್ಲ. ಬೂಟು ಗೊತ್ತು."

ಅಕ್ಕ ಒಲೆಯ ಕಡೆ ತಿರುಗಿ ನಿಂತಳು. ತಂಗಿ ಕುರ್ಚಿ ಹತ್ತಿ ಪೆಟ್ಟಿಗೆ ಇಳಿಸಿ, ತರಕಾರಿ ಚಾಕುವಿನಿಂದ ದಾರ ಕೊಯ್ದಳು. ಹಸಿ ಮಣ್ಣಿನ ವಾಸನೆ ಕೋಣೆಯಲ್ಲಿ ತುಂಬಿತು. ಲೇಸಿನ ಗಂಟು ಇನ್ನೂ ಬಿಗಿಯಾಗಿತ್ತು, ಭಾವ ಹಾಕುತ್ತಿದ್ದ ಎರಡು ಸುತ್ತಿನ ಗಂಟು. ಉಗುರಿನಿಂದ ಎಬ್ಬಿಸಿ ಬಿಚ್ಚಿದಳು. ನಾಲಗೆಯನ್ನು ಹೊರಕ್ಕೆ ಮಗುಚಿ ಹೆಬ್ಬೆರಳಿನಿಂದ ಕೆಸರು ಒರೆಸಿದಳು. ಶಾಯಿ ಮಾಸಿತ್ತು. ಅವಳದೇ ಕೈಬರಹ. ನಾಲ್ಕು, ನಾಲ್ಕು, ಒಂದು, ಏಳು.

ಬೂಟನ್ನು ಮೆಲ್ಲಗೆ ಮೇಜಿನ ಮೇಲಿಟ್ಟಳು.

"ಯಾವ ಕಾಲಿಂದು?" ಎಂದಳು ಅಕ್ಕ, ತಿರುಗದೆ.

"ಎಡಗಾಲಿಂದು."

ಅಕ್ಕ ಒಲೆ ಆರಿಸಿದಳು. ಬಂದು ಬೂಟನ್ನು ತೆಗೆದುಕೊಂಡು ಒದ್ದೆ ಬಟ್ಟೆಯಿಂದ ಹಿಮ್ಮಡಿ, ಅಂಚು, ಹೊಲಿಗೆಯ ಸಂದು ಎಲ್ಲ ಒರೆಸಿದಳು. ಬಾಗಿಲ ಪಕ್ಕ ಭಾವ ಬಿಡುತ್ತಿದ್ದ ಜಾಗದಲ್ಲಿಟ್ಟಳು. ಅದರ ಬಲಕ್ಕೆ ಗೋಡೆಗೊರಗಿದ್ದ ಪೊರಕೆಯನ್ನು ಎತ್ತಿ ಬೇರೆ ಕಡೆ ಇಟ್ಟು, ಖಾಲಿಯಾದ ಆ ಒಂದು ಗೇಣು ನೆಲವನ್ನೂ ಒರೆಸಿದಳು.