ತಲೆಕೆಳಗಾದ ಕ್ಲಾಪ್

ಚಿತ್ರಮಂದಿರವೆಲ್ಲ ಹೊಟ್ಟೆ ಹುಣ್ಣಾಗುವಂತೆ ನಗುತ್ತಿತ್ತು. ತೆರೆಯ ಮೇಲೆ, ಹಳ್ಳಿಯಲ್ಲಿ ಜಾಗ ನೋಡಲು ಹೋದ ನಾಲ್ವರು ಗಂಡಸರು ಹೊಲದ ನಡುವೆ ಕಾರು ಹೂತು, ಬಿಸಿಲಿಗೆ ಬೆಂದು, ತಲೆಕೆಟ್ಟವರಂತೆ ಆಡುತ್ತಿದ್ದರು. ಅವರಲ್ಲಿ ಕೆಸರಿಗೆ ಒಂದು ಬೂಟು ಕೊಟ್ಟು, ಎಮ್ಮೆಗೆ ಬುದ್ಧಿ ಹೇಳುತ್ತಿದ್ದವನು ಈಗ ಇಲ್ಲೇ ಹೆಂಡತಿಯ ಪಕ್ಕ ಕೂತು ತನ್ನನ್ನೇ ನೋಡುತ್ತಿದ್ದ; ಅಚ್ಚು ಹಾಕುವ ಪ್ರೆಸ್ಸಿನವನು. ಜನ್ಮದಲ್ಲಿ ಬಣ್ಣ ಹಚ್ಚಿದವನಲ್ಲ. ನಿರ್ದೇಶಕನಾದ ಹೆಂಡತಿಯ ತಮ್ಮ, "ನಿಮ್ಮ ಮುಖಾನೇ ಸಾಕು ಭಾವ, ನಟನೆ ಗಿಟನೆ ಏನೂ ಬೇಡ" ಎಂದು ಪುಸಲಾಯಿಸಿ ಕರೆದೊಯ್ದಿದ್ದ.

"ಅಯ್ಯೋ, ಮನೇಲೂ ಹಿಂಗೇ ಆಡ್ತೀರಲ್ರೀ!" ಪಕ್ಕದಲ್ಲಿ ಹೆಂಡತಿ ನಕ್ಕು ನಕ್ಕು ಕಣ್ಣೊರೆಸಿಕೊಂಡಳು. ಅವನು ಉಬ್ಬಿಹೋದ.

ಆಮೇಲೆ ತೆರೆಯ ಮೇಲೆ ಹುಲ್ಲಿನ ಬಣವೆ ಬಂತು.

ಅದು ಶೂಟಿಂಗಿನ ಬಿಡುವು ಎಂದುಕೊಂಡಿದ್ದ. ಬಣವೆಗೆ ಒರಗಿ ಕೂತಾಗ ಭಾಮೈದ ಹೆಗಲ ಮೇಲೆ ಕೈಹಾಕಿ, "ಯಾಕೆ ಭಾವ, ಸಪ್ಪಗಿದ್ದೀರಾ?" ಎಂದಿದ್ದ. ಹಾಗೆ ಅಕ್ಕರೆಯಿಂದ ಯಾರಾದರೂ ಕೇಳಿ ಎಷ್ಟು ಕಾಲವಾಗಿತ್ತೋ, ಅವನ ದುಃಖದ ಕಟ್ಟೆ ಒಡೆದಿತ್ತು. ಎದೆಗೆ ಸಿಕ್ಕಿಸಿದ್ದ ಮೈಕು ಮರೆತೇಹೋಗಿತ್ತು. ಎಲ್ಲ ಮುಗಿದ ಮೇಲೆ ಸಹಾಯಕನೊಬ್ಬ ಓಡಿಬಂದು ಕ್ಲಾಪ್ ಬೋರ್ಡನ್ನು ತಲೆಕೆಳಗಾಗಿ ಹಿಡಿದು ಟಪ್ಪೆಂದು ಹೊಡೆದಿದ್ದ. "ಇದ್ಯಾಕೋ ಉಲ್ಟಾ?" ಎಂದರೆ ಭಾಮೈದ, "ಏನಿಲ್ಲ ಭಾವ, ಪ್ರಾಕ್ಟೀಸ್ ಮಾಡ್ತಾನೆ" ಎಂದು ನಕ್ಕಿದ್ದ. ಹೇಳದೆ ಶುರುಮಾಡಿದ ಶಾಟಿಗೆ ಕ್ಲಾಪನ್ನು ಕೊನೆಯಲ್ಲಿ, ಹಾಗೆ ತಿರುಗಿಸಿ ಹೊಡೆಯುತ್ತಾರೆಂದು ಈ ಮಂಕನಿಗೆ ಹೇಗೆ ಗೊತ್ತಾಗಬೇಕು? ಈಗ ಗೊತ್ತಾಯಿತು.

ತೆರೆಯ ತುಂಬ ಅವನ ಮುಖ ಮೂಗು ಸೋರಿಸುತ್ತ ಅಳುತ್ತಿತ್ತು. "ಪ್ರೆಸ್ ಮುಚ್ಚಿಹೋಯ್ತು ಕಣೋ. ದಿನಾ ಊಟದ ಡಬ್ಬಿ ಹಿಡ್ಕೊಂಡು ಕೆಲ್ಸಕ್ಕೆ ಅಂತ ಹೊರಟು ರೈಲ್ವೆ ಸ್ಟೇಷನ್ನಲ್ಲಿ ಕೂತಿರ್ತೀನಿ. ಸಂಜೆ ಬೆರಳಿಗೆ ಸ್ವಲ್ಪ ಮಸಿ ಹಚ್ಕೊಂಡು ಮನೆಗೆ ಹೋಗ್ತೀನಿ. ನಿಮ್ಮಕ್ಕಂಗೆ ಮಾತ್ರ ಹೇಳ್ಬೇಡಪ್ಪಾ."

ಮಸಿಯ ಮಾತಿಗೆ ಜನ ಸೀಟು ಬಡಿದು ನಕ್ಕರು. "ಏನ್ ಆ್ಯಕ್ಟಿಂಗ್ ಗುರೂ!" ಎಂದು ಹಿಂದಿನವನೊಬ್ಬ ಶಿಳ್ಳೆ ಹೊಡೆದ. ಮುಂದಿನ ಸಾಲಿನಿಂದ ಭಾಮೈದ ತಿರುಗಿ ಹೆಬ್ಬೆರಳೆತ್ತಿ ತೋರಿಸಿದ. ಬೆನ್ನಿಗೆ ಚೂರಿ ಹಾಕಿದವನ ಮುಖದಲ್ಲಿ ಕಿಂಚಿತ್ತೂ ಅಳುಕಿರಲಿಲ್ಲ, ಪ್ರೀತಿಯೇ ಇತ್ತು.

ಹೆಂಡತಿಯ ನಗು ನಿಂತಿತ್ತು.

"ಅದು ಸುಮ್ನೆ... ಡೈಲಾಗು ಕಣೇ," ಎಂದ.

ಅವಳು ತೆರೆಯಿಂದ ಕಣ್ಣು ತೆಗೆಯಲಿಲ್ಲ. "ದಿನಾ ಸಂಜೆ ನಿಮ್ಮ ಕೈ ಹಿಡ್ಕೊಂಡು, ನಿಂಬೆ ಸಿಪ್ಪೆ ಹಾಕಿ ಉಜ್ತಿದ್ನಲ್ರೀ. ಪಾಪ, ದುಡಿದು ಬಂದಿದಾರೆ ಅಂತ."

ಜನ ಮತ್ತೇನಕ್ಕೋ ನಕ್ಕರು. ಅವಳು ಕುರ್ಚಿಯ ತೋಳಿನ ಮೇಲಿಂದ ತನ್ನ ಕೈ ತೆಗೆದು ಮಡಿಲಲ್ಲಿಟ್ಟುಕೊಂಡಳು.